ಪರೀಕ್ಷೆ ಬರೆದವರು ಕೋರ್ಟಿಗೆ ಹೋದಾಗ: ಯಾವ ದೂರಿಗೆ ಬಾಗಿಲು ತೆರೆಯುತ್ತದೆ, ಯಾವುದಕ್ಕೆ ಇಲ್ಲ?

ಉತ್ತೀರ್ಣನಾಗಲು 35 ಅಂಕ ಬೇಕು, ಬಂದಿರುವುದು 34. ಉಳಿದ ಎಲ್ಲ ವಿಷಯಗಳಲ್ಲೂ ಪ್ರಥಮ ದರ್ಜೆ. ಮರು ಎಣಿಕೆಗೆ ಅರ್ಜಿ ಹಾಕಿದರೆ 'ಬದಲಾವಣೆ ಇಲ್ಲ' ಎಂಬ ಎರಡೇ ಪದಗಳ ಉತ್ತರ. ಕೈಗೆ ಬಂದಿದ್ದ ನೌಕರಿಯ ಪತ್ರವೋ, ಸ್ನಾತಕೋತ್ತರ ಪ್ರವೇಶವೋ ಆ ಒಂದು ಅಂಕದ ಮೇಲೆ ನಿಂತಿರುತ್ತದೆ. ಆಗ ಮನೆಯಲ್ಲಿ ಯಾರಾದರೊಬ್ಬರು ಹೇಳಿಯೇ ಹೇಳುತ್ತಾರೆ: 'ಕೋರ್ಟಿಗೆ ಹೋಗೋಣ.'

ಪರೀಕ್ಷಾ ನಿಯಮಗಳನ್ನು ಪ್ರಶ್ನಿಸಿ ವಿದ್ಯಾರ್ಥಿಗಳು ನ್ಯಾಯಾಲಯದ ಮೆಟ್ಟಿಲೇರುವುದು ನಮ್ಮ ದೇಶದಲ್ಲಿ ಹೊಸತೇನಲ್ಲ. 1950ರ ದಶಕದಿಂದಲೂ ಇಂಥ ಅರ್ಜಿಗಳು ಬರುತ್ತಲೇ ಇವೆ. ಅವುಗಳಲ್ಲಿ ಕೆಲವು ಗೆದ್ದಿವೆ, ಹೆಚ್ಚಿನವು ಸೋತಿವೆ. ಈ ಗೆಲುವು ಸೋಲುಗಳನ್ನು ನ್ಯಾಯಾಧೀಶರ ಮನಸ್ಥಿತಿಗೋ, ವಕೀಲರ ವಾಕ್ಚಾತುರ್ಯಕ್ಕೋ ತಳಕು ಹಾಕುವವರೇ ಬಹಳ. ಆದರೆ ಆರು ದಶಕಗಳ ತೀರ್ಪುಗಳನ್ನು ಸಾಲಾಗಿ ಇಟ್ಟು ನೋಡಿದರೆ ಅವುಗಳ ಹಿಂದೆ ಒಂದು ಸ್ಪಷ್ಟ ಗೆರೆ ಕಾಣುತ್ತದೆ. ವಿದ್ಯಾರ್ಥಿಗೆ ಎಷ್ಟು ಅಂಕ ಸಲ್ಲಬೇಕು ಎಂಬುದನ್ನು ನ್ಯಾಯಾಲಯ ನಿರ್ಧರಿಸುವುದಿಲ್ಲ. ಆ ಅಂಕವನ್ನು ಕೊಟ್ಟ ವಿಧಾನ ನ್ಯಾಯಸಮ್ಮತವೇ ಎಂಬುದನ್ನು ಮಾತ್ರ ಅದು ಪರಿಶೀಲಿಸುತ್ತದೆ. ಈ ವ್ಯತ್ಯಾಸವನ್ನು ಅರಿಯದೆ ಅರ್ಜಿ ಹಾಕಿದವರು ಹಣವನ್ನೂ, ಹಣಕ್ಕಿಂತ ಬೆಲೆಬಾಳುವ ಸಮಯವನ್ನೂ ಕಳೆದುಕೊಂಡಿದ್ದಾರೆ.

ಮೈಸೂರಿನಿಂದ ಹೊರಟ ತತ್ತ್ವ

ಶೈಕ್ಷಣಿಕ ವಿಷಯಗಳಲ್ಲಿ ನ್ಯಾಯಾಲಯಗಳು ಹಿಂಜರಿಯುವುದಕ್ಕೆ ಆಧಾರವಾಗಿ ಇಂದಿಗೂ ಉಲ್ಲೇಖಗೊಳ್ಳುವ ತೀರ್ಪುಗಳಲ್ಲೊಂದು ನಮ್ಮ ಮೈಸೂರು ವಿಶ್ವವಿದ್ಯಾನಿಲಯಕ್ಕೆ ಸಂಬಂಧಿಸಿದ್ದು ಎಂಬುದು ಅನೇಕರಿಗೆ ತಿಳಿದಿರಲಾರದು. ಅಲ್ಲಿನ ಇಂಗ್ಲಿಷ್ ರೀಡರ್ ಹುದ್ದೆಗೆ ನಡೆದ ನೇಮಕವನ್ನು ಪ್ರಶ್ನಿಸಿ ಅರ್ಜಿಯೊಂದು ಅಂದಿನ ಮೈಸೂರು ಹೈಕೋರ್ಟಿಗೆ ಬಂದಿತ್ತು. ಹೈಕೋರ್ಟ್ ನೇಮಕವನ್ನು ರದ್ದುಪಡಿಸಿತು. ಆದರೆ 1963ರಲ್ಲಿ ಸುಪ್ರೀಂ ಕೋರ್ಟ್ ಆ ಆದೇಶವನ್ನು ತಳ್ಳಿಹಾಕಿತು. ವಿಷಯತಜ್ಞರ ಮಂಡಳಿಯೊಂದು ಅಭ್ಯರ್ಥಿಯ ಅರ್ಹತೆಯನ್ನು ತೂಗಿ ನೋಡಿ ಅಭಿಪ್ರಾಯ ನೀಡಿರುವಾಗ, ದುರುದ್ದೇಶದ ಆರೋಪವಿಲ್ಲದಿದ್ದರೆ, ನ್ಯಾಯಾಲಯಗಳು ಅದರಲ್ಲಿ ಕೈಹಾಕಲು ಹಿಂಜರಿಯುವುದೇ ವಿವೇಕ ಎಂಬುದು ಆ ತೀರ್ಪಿನ ಸಾರ.

ಅದು ಅಧ್ಯಾಪಕರ ನೇಮಕದ ಪ್ರಕರಣವೇ ಹೊರತು ಪರೀಕ್ಷೆಯದಲ್ಲ. ಆದರೂ ವಿದ್ಯಾರ್ಥಿಗಳ ಅರ್ಜಿಗಳನ್ನು ಎದುರಿಸುವಾಗ ವಿಶ್ವವಿದ್ಯಾನಿಲಯಗಳ ಪರ ವಕೀಲರು ಮತ್ತೆಮತ್ತೆ ಮುಂದಿಡುವುದು ಅದನ್ನೇ. ಉತ್ತರಪತ್ರಿಕೆಯನ್ನು ತೂಗುವುದು ಆ ವಿಷಯವನ್ನು ಬಲ್ಲ ಅಧ್ಯಾಪಕರ ಕೆಲಸ, ಕಾನೂನು ಬಲ್ಲ ನ್ಯಾಯಾಧೀಶರದಲ್ಲ ಎಂಬುದು ಇದರ ತಾತ್ಪರ್ಯ.

ಮರುಮೌಲ್ಯಮಾಪನ ಜನ್ಮಸಿದ್ಧ ಹಕ್ಕಲ್ಲ

ಈ ತತ್ತ್ವ ಪರೀಕ್ಷೆಗಳಿಗೆ ನೇರವಾಗಿ ಅನ್ವಯವಾದದ್ದು 1984ರಲ್ಲಿ. ಮಹಾರಾಷ್ಟ್ರದ ಪ್ರೌಢ ಹಾಗೂ ಉನ್ನತ ಪ್ರೌಢ ಶಿಕ್ಷಣ ಮಂಡಳಿಯ ನಿಯಮದಂತೆ ವಿದ್ಯಾರ್ಥಿಗಳು ಅಂಕಗಳ ಕೂಡಿಕೆ ಸರಿಯಾಗಿದೆಯೇ, ಎಲ್ಲ ಉತ್ತರಗಳಿಗೂ ಅಂಕ ನೀಡಲಾಗಿದೆಯೇ ಎಂಬುದರ ಪರಿಶೀಲನೆಯನ್ನಷ್ಟೇ ಕೇಳಬಹುದಿತ್ತು. ಉತ್ತರಪತ್ರಿಕೆಯನ್ನು ನೋಡುವಂತಿಲ್ಲ, ಮರುಮೌಲ್ಯಮಾಪನ ಕೇಳುವಂತಿಲ್ಲ. ಬಾಂಬೆ ಹೈಕೋರ್ಟ್ ಈ ನಿರ್ಬಂಧಗಳನ್ನು ಅಸಿಂಧು ಎಂದಿತು. ಸುಪ್ರೀಂ ಕೋರ್ಟ್ ಮಾತ್ರ ಮಂಡಳಿಯ ಪರವಾಗಿ ನಿಂತಿತು. ಲಕ್ಷಗಟ್ಟಲೆ ವಿದ್ಯಾರ್ಥಿಗಳು ಬರೆಯುವ ಸಾರ್ವಜನಿಕ ಪರೀಕ್ಷೆಗೆ ಎಲ್ಲಾದರೂ ಒಂದು ಕೊನೆ ಇರಬೇಕು, ಫಲಿತಾಂಶ ವರ್ಷವಿಡೀ ತೂಗಾಡುತ್ತಿದ್ದರೆ ಯಾರಿಗೂ ಹಿತವಲ್ಲ ಎಂಬುದು ನ್ಯಾಯಾಲಯದ ವಾದಸರಣಿಯಾಗಿತ್ತು. ನಿಯಮ ರೂಪಿಸುವುದು ಶಿಕ್ಷಣ ಮಂಡಳಿಯ ವಿವೇಚನೆಗೆ ಬಿಟ್ಟದ್ದು, ಅದಕ್ಕಿಂತ ಉತ್ತಮವಾದ ನಿಯಮ ಸಾಧ್ಯವಿತ್ತು ಎಂಬ ಕಾರಣಕ್ಕೆ ಅದನ್ನು ರದ್ದುಪಡಿಸಲಾಗದು ಎಂದೂ ಅದು ಹೇಳಿತು.

ನಂತರದ ತೀರ್ಪುಗಳು ಇದೇ ಜಾಡಿನಲ್ಲಿ ಸಾಗಿದವು. ನಿಯಮದಲ್ಲಿ ಅವಕಾಶವಿಲ್ಲದಿದ್ದರೆ ಮರುಮೌಲ್ಯಮಾಪನವನ್ನು ಹಕ್ಕೆಂದು ಕೇಳುವಂತಿಲ್ಲ ಎಂದು ಬಿಹಾರ ಲೋಕಸೇವಾ ಆಯೋಗದ ಪ್ರಕರಣದಲ್ಲಿ 2004ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಹೈಕೋರ್ಟ್ ತಾನೇ ಪ್ರಶ್ನೆಪತ್ರಿಕೆ, ಉತ್ತರಪತ್ರಿಕೆಗಳನ್ನು ಮುಂದಿಟ್ಟುಕೊಂಡು ಪರಿಶೀಲಿಸುವುದು ಸಲ್ಲದು ಎಂಬ ಮಾತು 2010ರಲ್ಲಿ ಹಿಮಾಚಲ ಪ್ರದೇಶ ಲೋಕಸೇವಾ ಆಯೋಗದ ಪ್ರಕರಣದಲ್ಲಿ ಬಂತು. ಅದು ನ್ಯಾಯಾಧೀಶರ ಹುದ್ದೆಗೇ ನಡೆದ ಪರೀಕ್ಷೆಯಾಗಿತ್ತು ಎಂಬುದು ಗಮನಾರ್ಹ. ಪ್ರಶ್ನೆ ಕಾನೂನಿನದೇ ಆಗಿದ್ದರೂ ಮೌಲ್ಯಮಾಪಕನ ಕುರ್ಚಿಯಲ್ಲಿ ನ್ಯಾಯಮೂರ್ತಿ ಕೂರುವಂತಿಲ್ಲ.

ಈ ಎಲ್ಲ ತೀರ್ಪುಗಳ ಸಾರವನ್ನು 2017ರ ಡಿಸೆಂಬರ್‌ನಲ್ಲಿ ಉತ್ತರ ಪ್ರದೇಶದ ಶಿಕ್ಷಕರ ನೇಮಕಾತಿ ಪರೀಕ್ಷೆಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಂದೆಡೆ ಸಂಗ್ರಹಿಸಿತು. ನಿಯಮದಲ್ಲಿ ಮರುಮೌಲ್ಯಮಾಪನಕ್ಕೆ ಅವಕಾಶವಿದ್ದರೆ ಪರೀಕ್ಷಾ ಪ್ರಾಧಿಕಾರ ಅದನ್ನು ನೀಡಬಹುದು. ನಿಯಮ ಮೌನವಾಗಿದ್ದರೆ, ದೊಡ್ಡದೊಂದು ತಪ್ಪು ಯಾವುದೇ ತರ್ಕದ ಸರಣಿಯ ನೆರವಿಲ್ಲದೆ ಮೇಲ್ನೋಟಕ್ಕೇ ಎದ್ದು ಕಾಣುವಂಥ ಅಪರೂಪದ ಪ್ರಸಂಗದಲ್ಲಿ ಮಾತ್ರ ನ್ಯಾಯಾಲಯ ಅದಕ್ಕೆ ಅನುಮತಿ ನೀಡಬಹುದು. ಸಂದೇಹ ಉಳಿದರೆ ಅದರ ಲಾಭ ಅಭ್ಯರ್ಥಿಗಲ್ಲ, ಪರೀಕ್ಷೆ ನಡೆಸಿದವರಿಗೆ. ಅಪರಾಧ ಪ್ರಕರಣಗಳಲ್ಲಿ ಸಂದೇಹದ ಲಾಭ ಆರೋಪಿಗೆ ಎಂದು ಕೇಳಿ ಬೆಳೆದ ನಮಗೆ ಇದು ತಲೆಕೆಳಗಾಗಿ ಕಂಡೀತು. ಆದರೆ ಪರೀಕ್ಷಾ ಪ್ರಕರಣಗಳಲ್ಲಿ ಇದೇ ನಿಯಮ.

ಕೀ ಉತ್ತರವೇ ತಪ್ಪಾದರೆ?

ಹಾಗಾದರೆ ಪರೀಕ್ಷೆ ನಡೆಸಿದವರೇ ತಪ್ಪು ಮಾಡಿದಾಗಲೂ ವಿದ್ಯಾರ್ಥಿ ಬಾಯಿ ಮುಚ್ಚಿಕೊಂಡಿರಬೇಕೆ? ಇಲ್ಲ. ಇದಕ್ಕೆ ಉತ್ತರ 1983ರ ಕಾನ್ಪುರ ವಿಶ್ವವಿದ್ಯಾನಿಲಯದ ಪ್ರಕರಣದಲ್ಲಿದೆ. ಉತ್ತರ ಪ್ರದೇಶದ ವೈದ್ಯಕೀಯ ಪ್ರವೇಶ ಪರೀಕ್ಷೆಯಲ್ಲಿ ಕೆಲವು ಪ್ರಶ್ನೆಗಳಿಗೆ ವಿಶ್ವವಿದ್ಯಾನಿಲಯ ಪ್ರಕಟಿಸಿದ ಕೀ ಉತ್ತರಗಳು ಪಠ್ಯಪುಸ್ತಕಗಳಿಗೇ ವಿರುದ್ಧವಾಗಿದ್ದವು. ಮುಖ್ಯ ನ್ಯಾಯಮೂರ್ತಿ ವೈ.ವಿ. ಚಂದ್ರಚೂಡ್ ಅವರಿದ್ದ ಪೀಠ ವಿದ್ಯಾರ್ಥಿಗಳ ಪರವಾಗಿ ತೀರ್ಪು ನೀಡಿತು. ಕೀ ಉತ್ತರ ಸರಿ ಎಂದೇ ಮೊದಲು ಭಾವಿಸಬೇಕು, ಅದು ತಪ್ಪೆಂದು ಸ್ಪಷ್ಟವಾಗಿ ಸಾಬೀತಾಗಬೇಕು. ಆದರೆ ಹಾಗೆ ಸಾಬೀತಾದ ಮೇಲೆ, ಸರಿಯಾದ ಉತ್ತರ ಬರೆದ ವಿದ್ಯಾರ್ಥಿಯನ್ನು ಅದಕ್ಕಾಗಿಯೇ ಶಿಕ್ಷಿಸುವುದು ಅನ್ಯಾಯ ಎಂದು ಅದು ಹೇಳಿತು. ಕೀ ಉತ್ತರಗಳನ್ನು ಗೋಪ್ಯವಾಗಿ ಇಟ್ಟಿದ್ದರೆ ವಿದ್ಯಾರ್ಥಿಗಳು ಈ ಅನ್ಯಾಯವನ್ನು ಮೌನವಾಗಿ ಸಹಿಸಬೇಕಾಗುತ್ತಿತ್ತು ಎಂಬುದನ್ನೂ ಪೀಠ ಗುರುತಿಸಿತು. ಇಂದು ಪ್ರವೇಶ ಪರೀಕ್ಷೆಗಳಲ್ಲಿ ಮೊದಲು ತಾತ್ಕಾಲಿಕ ಕೀ ಉತ್ತರ ಪ್ರಕಟಿಸಿ, ಆಕ್ಷೇಪಣೆ ಪಡೆದು, ಬಳಿಕ ಅಂತಿಮಗೊಳಿಸುವ ಪದ್ಧತಿ ಸಾಮಾನ್ಯವಾಗಿದೆ. ಅದರ ಹಿಂದಿನ ತರ್ಕವೂ ಇದೇ.

ಇಲ್ಲಿಯೂ ನ್ಯಾಯಾಲಯ ತಾನೇ ಉತ್ತರ ಹೇಳಲು ಹೋಗುವುದಿಲ್ಲ ಎಂಬುದಕ್ಕೆ 2024ರ ನೀಟ್ ಪ್ರಕರಣ ಸಾಕ್ಷಿ. ಆ ವರ್ಷ ಮೇ 5ರಂದು ನಡೆದ ಪರೀಕ್ಷೆಯ ಭೌತಶಾಸ್ತ್ರದಲ್ಲಿ ಪರಮಾಣುವಿನ ಕುರಿತ ಒಂದು ಪ್ರಶ್ನೆಗೆ ಎರಡು ಉತ್ತರಗಳನ್ನು ಸರಿ ಎಂದು ಪರಿಗಣಿಸಲಾಗಿತ್ತು. ಒಂದು ಉತ್ತರ ಹೊಸ ಪಠ್ಯಪುಸ್ತಕದ ಪ್ರಕಾರ, ಇನ್ನೊಂದು ಹಳೆಯ ಪಠ್ಯಪುಸ್ತಕದ ಪ್ರಕಾರ. ಸುಪ್ರೀಂ ಕೋರ್ಟ್ ದೆಹಲಿ ಐಐಟಿಯ ನಿರ್ದೇಶಕರಿಗೆ ಸೂಚಿಸಿ ಮೂವರು ತಜ್ಞರ ಸಮಿತಿ ರಚಿಸಿತು. ಸರಿಯುತ್ತರ ಒಂದೇ ಎಂದು ಸಮಿತಿ ವರದಿ ನೀಡಿತು. ಪರಿಣಾಮವಾಗಿ ಪೂರ್ಣಾಂಕ ಪಡೆದಿದ್ದ 61 ಮಂದಿಯಲ್ಲಿ 44 ಮಂದಿ ಆ ಸ್ಥಾನ ಕಳೆದುಕೊಂಡರು, ಉಳಿದವರು 17 ಮಂದಿ. ಪ್ರಶ್ನೆಪತ್ರಿಕೆ ಸೋರಿಕೆಯಾದದ್ದು ಅದೇ ಪ್ರಕರಣದಲ್ಲಿ ದೃಢಪಟ್ಟಿದ್ದರೂ, ಇಡೀ ಪರೀಕ್ಷೆಯ ಪಾವಿತ್ರ್ಯ ಕೆಟ್ಟಿದೆ ಎನ್ನಲು ಸಾಕಷ್ಟು ಆಧಾರವಿಲ್ಲವೆಂದು ಮರುಪರೀಕ್ಷೆಯ ಬೇಡಿಕೆಯನ್ನು 2024ರ ಜುಲೈ 23ರಂದು ನ್ಯಾಯಾಲಯ ತಿರಸ್ಕರಿಸಿತು. 23 ಲಕ್ಷಕ್ಕೂ ಹೆಚ್ಚು ಮಂದಿ ಬರೆದ ಪರೀಕ್ಷೆಯನ್ನು ಮತ್ತೆ ನಡೆಸುವುದರಿಂದ ಆಗುವ ಹಾನಿಯನ್ನೂ ಅದು ತಕ್ಕಡಿಯಲ್ಲಿಟ್ಟು ತೂಗಿತು.

ಎಲ್ಲ ತಪ್ಪುಗಳಿಗೂ ಕೋರ್ಟೇ ಬೇಕೆಂದಿಲ್ಲ. ಅದೇ 2024ರಲ್ಲಿ ಕರ್ನಾಟಕದ ಸಿಇಟಿಯಲ್ಲಿ ಪಠ್ಯಕ್ರಮದ ಹೊರಗಿನ ಪ್ರಶ್ನೆಗಳು ಬಂದಾಗ ವಿದ್ಯಾರ್ಥಿಗಳೂ ಪೋಷಕರೂ ದನಿಯೆತ್ತಿದರು. ತಜ್ಞರ ವರದಿಯ ಬಳಿಕ ನಾಲ್ಕು ವಿಷಯಗಳ ಒಟ್ಟು 50 ಪ್ರಶ್ನೆಗಳನ್ನು ಮೌಲ್ಯಮಾಪನದಿಂದ ಕೈಬಿಡಲಾಯಿತು.

ಉತ್ತರಪತ್ರಿಕೆ ನೋಡುವ ಹಕ್ಕು

ಬಹುಆಯ್ಕೆಯ ಪ್ರಶ್ನೆಗಳಿಗೆ ಕೀ ಉತ್ತರವಾದರೂ ಇರುತ್ತದೆ. ಪದವಿ ಪರೀಕ್ಷೆಯಲ್ಲಿ ಪುಟಗಟ್ಟಲೆ ಬರೆದ ವಿದ್ಯಾರ್ಥಿ ತನಗೆ ಅನ್ಯಾಯವಾಗಿದೆ ಎಂದು ತೋರಿಸುವುದಾದರೂ ಹೇಗೆ? ತಾನು ಬರೆದದ್ದನ್ನೇ ನೋಡಲು ಬಿಡದಿದ್ದರೆ ತಪ್ಪನ್ನು ಎತ್ತಿ ತೋರಿಸುವ ಮಾತೇ ಇಲ್ಲ. 1984ರ ತೀರ್ಪಿನ ಬಳಿಕ ಕಾಲು ಶತಮಾನಕ್ಕೂ ಮಿಗಿಲಾಗಿ ವಿದ್ಯಾರ್ಥಿಗಳ ಸ್ಥಿತಿ ಇದೇ ಆಗಿತ್ತು.

ಈ ಬೀಗವನ್ನು ತೆರೆದದ್ದು 2005ರ ಮಾಹಿತಿ ಹಕ್ಕು ಕಾಯ್ದೆ. ಪಶ್ಚಿಮ ಬಂಗಾಳದ ವಿದ್ಯಾರ್ಥಿಗಳು ಈ ಕಾಯ್ದೆಯಡಿ ತಮ್ಮ ಉತ್ತರಪತ್ರಿಕೆಗಳನ್ನು ಕೇಳಿದರು, ಕೋಲ್ಕತ್ತ ಹೈಕೋರ್ಟ್ ಅವರ ಪರವಾಗಿ ತೀರ್ಪು ನೀಡಿತು. ಕೇಂದ್ರೀಯ ಪ್ರೌಢ ಶಿಕ್ಷಣ ಮಂಡಳಿ, ಅಂದರೆ ಸಿಬಿಎಸ್‌ಇ, ಸುಪ್ರೀಂ ಕೋರ್ಟಿಗೆ ಮೇಲ್ಮನವಿ ಸಲ್ಲಿಸಿತು. 2011ರ ಆಗಸ್ಟ್ 9ರಂದು ಹೊರಬಿದ್ದ ತೀರ್ಪು ಐತಿಹಾಸಿಕವಾದದ್ದು. ಮೌಲ್ಯಮಾಪನಗೊಂಡ ಉತ್ತರಪತ್ರಿಕೆ ಕಾಯ್ದೆಯ ಅರ್ಥದಲ್ಲಿ 'ಮಾಹಿತಿ'ಯೇ ಹೌದು, ಅದನ್ನು ಪರಿಶೀಲಿಸುವ, ಪ್ರತಿ ಪಡೆಯುವ ಹಕ್ಕು ಬರೆದವನಿಗೆ ಉಂಟು ಎಂದು ನ್ಯಾಯಾಲಯ ಹೇಳಿತು. ಮಂಡಳಿಯ ಒಳನಿಯಮಗಳಲ್ಲಿ ನಿರ್ಬಂಧವಿದ್ದರೂ ಮಾಹಿತಿ ಹಕ್ಕು ಕಾಯ್ದೆಯದೇ ಮೇಲುಗೈ. ಆದರೆ ಮೌಲ್ಯಮಾಪಕರ ಹೆಸರು, ಸಹಿ ಮುಂತಾದ ಗುರುತುಗಳನ್ನು ಬಹಿರಂಗಪಡಿಸಬೇಕಿಲ್ಲ. ಈ ತೀರ್ಪು ನೀಡಿದ ಪೀಠದಲ್ಲಿದ್ದ ನ್ಯಾಯಮೂರ್ತಿ ಆರ್.ವಿ. ರವೀಂದ್ರನ್ ಅವರು ಅದಕ್ಕೂ ಮುಂಚೆ ಕರ್ನಾಟಕ ಹೈಕೋರ್ಟಿನಲ್ಲಿ ವಕೀಲರಾಗಿ, ನ್ಯಾಯಮೂರ್ತಿಯಾಗಿ ಕಾರ್ಯನಿರ್ವಹಿಸಿದವರು.

ಆ ತೀರ್ಪಿನಲ್ಲಿ ಹಲವರು ಗಮನಿಸದೆ ಬಿಡುವ ಎರಡು ಅಂಶಗಳಿವೆ. ಮೊದಲನೆಯದು, ಉತ್ತರಪತ್ರಿಕೆ ನೋಡುವ ಹಕ್ಕು ಇದೆಯೆಂದ ಮಾತ್ರಕ್ಕೆ ಮರುಮೌಲ್ಯಮಾಪನದ ಹಕ್ಕು ತಾನಾಗಿ ಹುಟ್ಟುವುದಿಲ್ಲ. ಎರಡನೆಯದು, ಪರೀಕ್ಷಾ ಸಂಸ್ಥೆ ಉತ್ತರಪತ್ರಿಕೆಗಳನ್ನು ಇಟ್ಟುಕೊಂಡಿರುವ ಅವಧಿಯಲ್ಲಿ ಮಾತ್ರ ಈ ಹಕ್ಕು ಜೀವಂತ. ಸಿಬಿಎಸ್‌ಇಯ ವಿಷಯದಲ್ಲಿ ಆಗ ಆ ಅವಧಿ ಕೇವಲ ಮೂರು ತಿಂಗಳಾಗಿತ್ತು. ಅಷ್ಟರೊಳಗೆ ಕೇಳದಿದ್ದರೆ ಕಾಗದಗಳು ವಿಲೇವಾರಿಯಾಗುತ್ತವೆ, ಹಕ್ಕೂ ಅವುಗಳೊಡನೆ ಹೋಗುತ್ತದೆ.

ಈ ಹಕ್ಕಿಗೂ ಮಿತಿಗಳಿವೆ. ನಾಗರಿಕ ಸೇವಾ ಪರೀಕ್ಷೆಯ ಅಂಕಗಳ ವಿವರ ಕೋರಿದ ಅಭ್ಯರ್ಥಿಗಳ ಬೇಡಿಕೆಯನ್ನು 2018ರಲ್ಲಿ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಪಾರದರ್ಶಕತೆಯ ಜತೆಗೆ ಪರೀಕ್ಷಾ ವ್ಯವಸ್ಥೆಯ ಗೋಪ್ಯತೆಯನ್ನೂ ತೂಗಿ ನೋಡಬೇಕು ಎಂದಿತು. ಮರುವರ್ಷ, 2019ರಲ್ಲಿ, ಕಂಪನಿ ಸೆಕ್ರೆಟರಿಗಳ ಸಂಸ್ಥೆಯ ಪ್ರಕರಣದಲ್ಲಿ ವಿದ್ಯಾರ್ಥಿಗಳಿಗೆ ಅನುಕೂಲವಾಗುವ ಮಾತೂ ಬಂತು. ಸಂಸ್ಥೆ ತನ್ನದೇ ನಿಯಮದಲ್ಲಿ ಹೆಚ್ಚಿನ ಶುಲ್ಕ ನಿಗದಿಪಡಿಸಿಕೊಂಡಿದ್ದರೂ, ಮಾಹಿತಿ ಹಕ್ಕಿನಡಿ ಕೇಳಿದವರಿಂದ ಆ ಕಾಯ್ದೆಯ ನಿಯಮಗಳಂತೆಯೇ ಶುಲ್ಕ ಪಡೆಯಬೇಕು ಎಂಬುದು ಅಲ್ಲಿನ ನಿಲುವು.

ನಕಲು ಆರೋಪ ಬಂದಾಗ

ಅಂಕದ ವಿಷಯದಲ್ಲಿ ಹಿಂಜರಿಯುವ ನ್ಯಾಯಾಲಯ, ಶಿಕ್ಷೆಯ ವಿಷಯ ಬಂದಾಗ ಬೇರೆಯೇ ಮುಖ ತೋರಿಸುತ್ತದೆ. 1954ರಲ್ಲಿ ಉತ್ತರ ಪ್ರದೇಶದ ಇಂಟರ್‌ಮೀಡಿಯೆಟ್ ಪರೀಕ್ಷೆ ಬರೆದು ಉತ್ತೀರ್ಣರಾದ ಮೂವರು ವಿದ್ಯಾರ್ಥಿಗಳ ಫಲಿತಾಂಶವನ್ನು ಅದೇ ಡಿಸೆಂಬರ್‌ನಲ್ಲಿ ಮಂಡಳಿ ರದ್ದುಪಡಿಸಿತು. ಅಕ್ರಮ ಎಸಗಿದ್ದಾರೆಂಬ ಕಾರಣಕ್ಕೆ 1955ರ ಪರೀಕ್ಷೆಯಿಂದಲೂ ಹೊರಗಿಟ್ಟಿತು. ಅವರಿಗೆ ಒಂದು ನೋಟಿಸು ಕೂಡ ಕೊಟ್ಟಿರಲಿಲ್ಲ, ಒಂದು ಮಾತನ್ನೂ ಕೇಳಿರಲಿಲ್ಲ. ವಿದ್ಯಾರ್ಥಿಯ ಇಡೀ ಬದುಕಿನ ಮೇಲೆ ಪರಿಣಾಮ ಬೀರುವ ಇಂಥ ನಿರ್ಧಾರ ಕೈಗೊಳ್ಳುವಾಗ ಮಂಡಳಿಯ ಸಮಿತಿ ಅರೆನ್ಯಾಯಿಕ ಕೆಲಸ ಮಾಡುತ್ತಿರುತ್ತದೆ, ಆದ್ದರಿಂದ ಆರೋಪಿತರ ಅಹವಾಲು ಕೇಳಲೇಬೇಕು ಎಂದು 1962ರಲ್ಲಿ ಸುಪ್ರೀಂ ಕೋರ್ಟ್ ಸಾರಿತು. ಇಂದು ವಿಶ್ವವಿದ್ಯಾನಿಲಯಗಳಲ್ಲಿ ನಕಲು ಪ್ರಕರಣಗಳ ವಿಚಾರಣೆಗೆಂದು ಸಮಿತಿ ಇರುವುದು, ವಿದ್ಯಾರ್ಥಿಗೆ ಆರೋಪಪತ್ರ ಕೊಟ್ಟು ವಿವರಣೆ ಪಡೆಯುವುದು ಈ ಸಹಜ ನ್ಯಾಯದ ತತ್ತ್ವಕ್ಕೆ ಅನುಗುಣವಾಗಿಯೇ.

ಆದರೆ ಒಂದು ಕೇಂದ್ರದಲ್ಲಿ ಸಾಮೂಹಿಕ ನಕಲು ನಡೆದು ಅಲ್ಲಿನ ಪರೀಕ್ಷೆಯನ್ನೇ ರದ್ದುಪಡಿಸಿದರೆ? ಬಿಹಾರದ ಶಾಲಾ ಪರೀಕ್ಷಾ ಮಂಡಳಿಯ ಪ್ರಕರಣದಲ್ಲಿ 1970ರಲ್ಲಿ ಈ ಪ್ರಶ್ನೆ ಎದುರಾಯಿತು. ಯಾರೊಬ್ಬರ ಮೇಲೂ ವೈಯಕ್ತಿಕ ಆರೋಪ ಹೊರಿಸಿಲ್ಲ, ಪರೀಕ್ಷೆಯೇ ಕೆಟ್ಟಿದೆ ಎಂದಷ್ಟೇ ಹೇಳಲಾಗಿದೆ, ಹೀಗಿರುವಾಗ ಪ್ರತಿಯೊಬ್ಬರ ವಿಚಾರಣೆ ಬೇಕಿಲ್ಲ ಎಂಬುದು ಉತ್ತರವಾಗಿತ್ತು. ಕಡಿಮೆ ಅಂಕದ ಕಾರಣಕ್ಕೆ ವಿದ್ಯಾರ್ಥಿಯನ್ನು ಕೋರ್ಸಿನಿಂದ ಕೈಬಿಡುವಾಗಲೂ ಪ್ರತ್ಯೇಕ ವಿಚಾರಣೆ ಅಗತ್ಯವಿಲ್ಲ ಎಂದು 1980ರ ಜವಾಹರಲಾಲ್ ನೆಹರೂ ವಿಶ್ವವಿದ್ಯಾನಿಲಯದ ಪ್ರಕರಣದಲ್ಲಿ ತೀರ್ಮಾನವಾಯಿತು. ಕಳಂಕ ಹೊರಿಸುವ ಶಿಕ್ಷೆಗೆ ವಿಚಾರಣೆ ಬೇಕು, ಅಧ್ಯಾಪಕರ ಶೈಕ್ಷಣಿಕ ತೀರ್ಮಾನಕ್ಕೆ ಬೇಡ. ಗೆರೆ ಇಲ್ಲಿಯೂ ಅದೇ.

ಹಾಜರಾತಿ ಮತ್ತು ಮಧ್ಯಂತರ ಆದೇಶ

ಹಾಜರಾತಿ ಕೊರತೆಯಿಂದ ಪ್ರವೇಶಪತ್ರ ಸಿಗದವರು ಪರೀಕ್ಷೆಯ ಮುನ್ನಾದಿನ ಹೈಕೋರ್ಟಿಗೆ ಓಡುವುದು ಪ್ರತಿ ವರ್ಷದ ದೃಶ್ಯ. ಇಲ್ಲಿ 1975ರ ಕುರುಕ್ಷೇತ್ರ ವಿಶ್ವವಿದ್ಯಾನಿಲಯದ ತೀರ್ಪನ್ನು ವಿದ್ಯಾರ್ಥಿಗಳು ನೆಚ್ಚಿಕೊಳ್ಳುತ್ತಾರೆ. ಕಾನೂನು ವಿದ್ಯಾರ್ಥಿಯೊಬ್ಬರನ್ನು ಪರೀಕ್ಷೆಗೆ ಕೂರಿಸಿದ ಬಳಿಕ ಹಾಜರಾತಿ ಕೊರತೆಯ ನೆಪದಲ್ಲಿ ಅವರ ಅಭ್ಯರ್ಥಿತನವನ್ನು ರದ್ದುಪಡಿಸಲಾಗಿತ್ತು. ಅರ್ಜಿಯನ್ನು ಪರಿಶೀಲಿಸುವ ಅವಕಾಶ ವಿಶ್ವವಿದ್ಯಾನಿಲಯಕ್ಕೆ ಮೊದಲೇ ಇತ್ತು. ತನ್ನ ಅಲಕ್ಷ್ಯಕ್ಕೆ ವಿದ್ಯಾರ್ಥಿಯನ್ನು ದಂಡಿಸುವಂತಿಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿತು. ವಿದ್ಯಾರ್ಥಿ ಸುಳ್ಳು ಹೇಳಿ ವಂಚಿಸಿರಲಿಲ್ಲ ಎಂಬುದು ಆ ತೀರ್ಪಿಗೆ ಆಧಾರ.

ಆದರೆ ಮಧ್ಯಂತರ ಆದೇಶದ ಬಲದಿಂದ ಪರೀಕ್ಷೆ ಬರೆದವರಿಗೆ ಈ ರಕ್ಷಣೆ ಸಿಗುತ್ತದೆಂದು ಭಾವಿಸುವುದು ಅಪಾಯಕರ. ಅಂಥ ಆದೇಶಗಳು ಸಾಮಾನ್ಯವಾಗಿ ಅಂತಿಮ ತೀರ್ಪಿಗೆ ಒಳಪಟ್ಟಿರುತ್ತವೆ. ಅರ್ಹತೆಯೇ ಇಲ್ಲದವರಿಗೆ ಕನಿಕರದಿಂದ ಮಧ್ಯಂತರ ಅನುಮತಿ ನೀಡುವ ಪ್ರವೃತ್ತಿಯನ್ನು 1993ರಲ್ಲಿ ಗುರು ನಾನಕ್ ದೇವ್ ವಿಶ್ವವಿದ್ಯಾನಿಲಯದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಕಟುವಾಗಿ ಟೀಕಿಸಿತ್ತು. ಪರೀಕ್ಷೆ ಬರೆದು, ಮುಂದಿನ ಸೆಮಿಸ್ಟರ್‌ಗೂ ಹೋಗಿ, ಆಮೇಲೆ ಅರ್ಜಿ ವಜಾ ಆದರೆ ಕಟ್ಟಿದ್ದೆಲ್ಲ ಕುಸಿಯುತ್ತದೆ.

ನಿಯಮವನ್ನೇ ಪ್ರಶ್ನಿಸಿದಾಗ

ತನ್ನೊಬ್ಬನ ಅಂಕವನ್ನಲ್ಲ, ನಿಯಮವನ್ನೇ ಪ್ರಶ್ನಿಸುವ ಅರ್ಜಿಗಳದು ಇನ್ನೊಂದು ಬಗೆ. ಕೊರೊನಾ ಕಾಲ ಇಂಥವುಗಳ ಸುಗ್ಗಿಯಾಗಿತ್ತು. ಅಂತಿಮ ವರ್ಷದ ಪರೀಕ್ಷೆಗಳನ್ನು 2020ರ ಸೆಪ್ಟೆಂಬರ್ 30ರೊಳಗೆ ಮುಗಿಸಬೇಕೆಂದು ವಿಶ್ವವಿದ್ಯಾನಿಲಯ ಧನಸಹಾಯ ಆಯೋಗ ಜುಲೈ 6ರಂದು ಮಾರ್ಗಸೂಚಿ ಹೊರಡಿಸಿತು. ಅದನ್ನು ಪ್ರಶ್ನಿಸಿ ದೇಶದ ನಾನಾ ಭಾಗಗಳ ವಿದ್ಯಾರ್ಥಿಗಳು ಸುಪ್ರೀಂ ಕೋರ್ಟಿಗೆ ಹೋದರು. ಆಗಸ್ಟ್ 28ರ ತೀರ್ಪು ಆಯೋಗದ ಮಾರ್ಗಸೂಚಿಯನ್ನು ಎತ್ತಿಹಿಡಿಯಿತು. ಪಿಡುಗಿನ ಕಾರಣಕ್ಕೆ ರಾಜ್ಯಗಳು ಪರೀಕ್ಷೆ ಮುಂದೂಡಬಹುದು, ಆದರೆ ಪರೀಕ್ಷೆಯೇ ಇಲ್ಲದೆ ಅಂತಿಮ ವರ್ಷದವರನ್ನು ಉತ್ತೀರ್ಣಗೊಳಿಸುವಂತಿಲ್ಲ ಎಂದು ಅದು ಹೇಳಿತು.

ಮಧ್ಯದ ಸೆಮಿಸ್ಟರ್‌ಗಳ ಮಾತು ಬೇರೆ. ಅವರನ್ನು ಅರ್ಧ ಆಂತರಿಕ ಅಂಕ, ಅರ್ಧ ಹಿಂದಿನ ಸೆಮಿಸ್ಟರಿನ ಅಂಕದ ಆಧಾರದಲ್ಲಿ ತೇರ್ಗಡೆ ಮಾಡಲು ಆಯೋಗವೇ ದಾರಿ ತೋರಿಸಿತ್ತು. ಆದರೂ ಕಾನೂನು ಕಾಲೇಜುಗಳ ಈ ವಿದ್ಯಾರ್ಥಿಗಳಿಗೆ ಪರೀಕ್ಷೆ ಕಡ್ಡಾಯವೆಂಬ ನಿಲುವನ್ನು ಪ್ರಶ್ನಿಸಿದ ಅರ್ಜಿ ಕರ್ನಾಟಕ ಹೈಕೋರ್ಟಿಗೆ ಬಂತು. 2021ರ ಫೆಬ್ರುವರಿಯಲ್ಲಿ ತೀರ್ಪು ವಿದ್ಯಾರ್ಥಿಗಳ ಪರವಾಯಿತು.

2022ರ ಸಿಇಟಿ ವಿವಾದ ಓದುಗರಿಗೆ ನೆನಪಿರಬಹುದು. 2021ರಲ್ಲಿ ಪರೀಕ್ಷೆಯಿಲ್ಲದೆಯೇ ದ್ವಿತೀಯ ಪಿಯುಸಿ ಅಂಕ ಪಡೆದಿದ್ದ ಸುಮಾರು 24 ಸಾವಿರ ಪುನರಾವರ್ತಿತ ಅಭ್ಯರ್ಥಿಗಳಿಗೆ ಪಿಯುಸಿ ಅಂಕ ಪರಿಗಣಿಸದೆ ಸಿಇಟಿ ಅಂಕವೊಂದರ ಮೇಲೆ ರ‍್ಯಾಂಕ್ ನೀಡಲಾಗಿತ್ತು. ಪಿಯುಸಿ ಮತ್ತು ಸಿಇಟಿ ಅಂಕಗಳನ್ನು ಸಮಪಾಲಾಗಿ ಪರಿಗಣಿಸಬೇಕು ಎಂಬುದು ನಿಯಮ. ಹೈಕೋರ್ಟಿನ ಏಕಸದಸ್ಯ ಪೀಠ ಸೆಪ್ಟೆಂಬರ್ ಆರಂಭದಲ್ಲಿ ಪ್ರಾಧಿಕಾರದ ಕ್ರಮವನ್ನು ರದ್ದುಪಡಿಸಿತು. ಆಗ ಹೊಸ ಪರೀಕ್ಷೆ ಬರೆದು ಬಂದಿದ್ದ 2022ರ ತಂಡ ಆತಂಕಗೊಂಡಿತು. ಸರ್ಕಾರ ಮೇಲ್ಮನವಿ ಸಲ್ಲಿಸಿತು. ಕೊನೆಗೆ 2021ರವರ ಅಂಕದಲ್ಲಿ ಒಂದಿಷ್ಟು ಕಡಿತ ಮಾಡಿ ಪರಿಗಣಿಸುವ ಸೂತ್ರಕ್ಕೆ ಅದೇ ತಿಂಗಳು ವಿಭಾಗೀಯ ಪೀಠದ ಮುಂದೆ ಒಪ್ಪಿಗೆ ದೊರೆಯಿತು. ಒಬ್ಬರಿಗೆ ಕೊಟ್ಟ ಸ್ಥಾನ ಇನ್ನೊಬ್ಬರಿಂದ ಕಿತ್ತುಕೊಂಡದ್ದಾಗಿರುತ್ತದೆ. ನ್ಯಾಯಾಲಯಗಳ ಹಿಂಜರಿಕೆಗೆ ಇರುವ ನಿಜವಾದ ಕಾರಣವನ್ನು ಈ ಪ್ರಕರಣದಷ್ಟು ಚೆನ್ನಾಗಿ ಬೇರಾವುದೂ ತೋರಿಸಲಾರದು.

ಅಂಗವಿಕಲ ವಿದ್ಯಾರ್ಥಿಗಳ ವಿಷಯದಲ್ಲಿ ನ್ಯಾಯಾಲಯ ಹೆಚ್ಚು ದೃಢವಾಗಿದೆ. ಬರೆಯುವಾಗ ಕೈ ಸೆಳೆತಕ್ಕೊಳಗಾಗುವ ಅಭ್ಯರ್ಥಿಯೊಬ್ಬರಿಗೆ ಲಿಪಿಕಾರರ ನೆರವು ನಿರಾಕರಿಸಿದ್ದನ್ನು 2021ರ ಫೆಬ್ರುವರಿ 11ರಂದು ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಶೇಕಡಾ 40ರ ಅಂಗವೈಕಲ್ಯದ ಮಿತಿ ಮೀಸಲಾತಿಗೆ ಅನ್ವಯಿಸಬಹುದು, ಲಿಪಿಕಾರರ ಸೌಲಭ್ಯಕ್ಕೆ ಅದನ್ನೇ ಅಡ್ಡಗೋಡೆ ಮಾಡುವಂತಿಲ್ಲ ಎಂಬುದು ಆ ತೀರ್ಪಿನ ತಿರುಳು. ಅಂಕದಲ್ಲಿ ಕರುಣೆ ಬೇಡವೆನ್ನುವ ನ್ಯಾಯಾಲಯವೇ ಅವಕಾಶದಲ್ಲಿ ಸಮಾನತೆ ಬೇಕೇ ಬೇಕು ಎನ್ನುತ್ತದೆ.

ಗ್ರಾಹಕ ವೇದಿಕೆಯ ದಾರಿ ಇಲ್ಲ

'ಶುಲ್ಕ ಕಟ್ಟಿದ್ದೇವೆ, ಸೇವೆಯಲ್ಲಿ ಲೋಪವಾಗಿದೆ' ಎಂದು ಗ್ರಾಹಕ ವೇದಿಕೆಗೆ ಹೋಗುವವರೂ ಇದ್ದಾರೆ. ಬಿಹಾರದಲ್ಲಿ ಇಬ್ಬರು ವಿದ್ಯಾರ್ಥಿಗಳಿಗೆ ಒಂದೇ ನೋಂದಣಿ ಸಂಖ್ಯೆ ನೀಡಿದ್ದರಿಂದ ಒಬ್ಬನ ಫಲಿತಾಂಶವೇ ಪ್ರಕಟವಾಗಲಿಲ್ಲ. ಗ್ರಾಹಕ ವೇದಿಕೆ ಪರಿಹಾರ ಕೊಡಿಸಿತು. ಆದರೆ ಪರೀಕ್ಷೆ ನಡೆಸುವುದು ಶಾಸನಬದ್ಧ ಕರ್ತವ್ಯ, ಮಾರಾಟದ ಸೇವೆಯಲ್ಲ, ಪರೀಕ್ಷಾರ್ಥಿ ಗ್ರಾಹಕನಲ್ಲ ಎಂದು 2009ರಲ್ಲಿ ಸುಪ್ರೀಂ ಕೋರ್ಟ್ ಆ ಆದೇಶವನ್ನು ತಳ್ಳಿಹಾಕಿತು. ಸರ್ಕಾರಿ ವಿಶ್ವವಿದ್ಯಾನಿಲಯದ ಪರೀಕ್ಷೆಯ ವಿಷಯದಲ್ಲಿ ಸರಿಯಾದ ಬಾಗಿಲು ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿಗೆ ಸಲ್ಲಿಸುವ ರಿಟ್ ಅರ್ಜಿ. ಕರ್ನಾಟಕದವರಿಗೆ ಬೆಂಗಳೂರಿನ ಪ್ರಧಾನ ಪೀಠದ ಜತೆಗೆ ಧಾರವಾಡ ಮತ್ತು ಕಲಬುರಗಿ ಪೀಠಗಳೂ ಇವೆ.

ಕೋರ್ಟಿಗೆ ಮುನ್ನ ಮಾಡಬೇಕಾದದ್ದು

ಇಷ್ಟನ್ನು ತಿಳಿದ ಮೇಲೆ ವಿದ್ಯಾರ್ಥಿ ಏನು ಮಾಡಬೇಕು? ಮೊದಲು ತನ್ನ ವಿಶ್ವವಿದ್ಯಾನಿಲಯದ ಪರೀಕ್ಷಾ ನಿಯಮಾವಳಿಯನ್ನು ಓದಬೇಕು. ಮರು ಎಣಿಕೆ, ಛಾಯಾಪ್ರತಿ, ಮರುಮೌಲ್ಯಮಾಪನ, ಇವುಗಳಲ್ಲಿ ಯಾವುದಕ್ಕೆ ಅವಕಾಶವಿದೆ, ಕೊನೆಯ ದಿನ ಯಾವುದು ಎಂಬುದನ್ನು ಫಲಿತಾಂಶ ಬಂದ ದಿನವೇ ನೋಡಿಕೊಳ್ಳುವುದು ಲೇಸು. ಒಳಗಿನ ಪರಿಹಾರವನ್ನು ಬಳಸದೆ ನೇರವಾಗಿ ಬಂದ ಅರ್ಜಿದಾರನಿಗೆ ನ್ಯಾಯಾಲಯದ ಮೊದಲ ಪ್ರಶ್ನೆಯೇ ಅದಾಗಿರುತ್ತದೆ.

ಎರಡನೆಯದು, ಉತ್ತರಪತ್ರಿಕೆಯ ಪ್ರತಿ. ನಿಯಮದಲ್ಲಿ ಅವಕಾಶವಿದ್ದರೆ ಅದರಡಿ, ಇಲ್ಲದಿದ್ದರೆ 10 ರೂಪಾಯಿ ಶುಲ್ಕ ಕಟ್ಟಿ ಮಾಹಿತಿ ಹಕ್ಕಿನಡಿ ಕೇಳಬೇಕು. ಉತ್ತರಕ್ಕೆ ಕಾಯ್ದೆ ನೀಡಿರುವ ಗಡುವು 30 ದಿನ. ಪ್ರತಿ ಕೈಗೆ ಬಂದಾಗ ನೋಡಬೇಕಾದದ್ದು 'ಇದಕ್ಕೆ ಇನ್ನೂ ಎರಡು ಅಂಕ ಕೊಡಬಹುದಿತ್ತು' ಎಂಬುದನ್ನಲ್ಲ. ಮೌಲ್ಯಮಾಪನವಾಗದೆ ಉಳಿದ ಉತ್ತರವಿದೆಯೇ, ಕೂಡಿಕೆ ತಪ್ಪಿದೆಯೇ, ಹೆಚ್ಚುವರಿ ಹಾಳೆ ಕಾಣೆಯಾಗಿದೆಯೇ, ನಿಯಮ ಹೇಳಿದಂತೆ ಇಬ್ಬರು ಮೌಲ್ಯಮಾಪಕರು ನೋಡಿದ್ದಾರೆಯೇ? ನ್ಯಾಯಾಲಯದಲ್ಲಿ ನಿಲ್ಲುವ ದೂರುಗಳು ಇವು.

ಮೂರನೆಯದು ಮತ್ತು ಎಲ್ಲಕ್ಕಿಂತ ಮುಖ್ಯವಾದದ್ದು, ಕಾಲ. ರಿಟ್ ಅರ್ಜಿಗೆ ಕಟ್ಟುನಿಟ್ಟಾದ ಕಾಲಮಿತಿ ಇಲ್ಲವಾದರೂ ವಿಳಂಬವೇ ಅರ್ಜಿಯನ್ನು ಕೊಲ್ಲಬಲ್ಲದು. ಇನ್ನೊಂದೆಡೆ ನ್ಯಾಯಾಲಯದ ವಿಳಂಬ ವಿದ್ಯಾರ್ಥಿಯನ್ನು ಕೊಲ್ಲುತ್ತದೆ. 1954ರಲ್ಲಿ ಫಲಿತಾಂಶ ಕಳೆದುಕೊಂಡ ಮೂವರಿಗೆ ಸುಪ್ರೀಂ ಕೋರ್ಟಿನ ಮಾತು ದೊರೆತದ್ದು 1962ರಲ್ಲಿ. 2009ರಲ್ಲಿ ಅರ್ಜಿ ಕರೆದ ಉತ್ತರ ಪ್ರದೇಶದ ಶಿಕ್ಷಕರ ಪರೀಕ್ಷೆಗೆ ಅಂತಿಮ ತೆರೆ ಬಿದ್ದದ್ದು 2017ರಲ್ಲಿ. ಗೆದ್ದವರಿಗೂ ಆ ವರ್ಷಗಳು ಮರಳಿ ಬರಲಿಲ್ಲ. ಹೀಗಾಗಿ ದಾವೆ ನಡೆಯುತ್ತಿರುವಾಗಲೂ ಪೂರಕ ಪರೀಕ್ಷೆಗೆ ಶುಲ್ಕ ಕಟ್ಟಿ ಸಿದ್ಧವಾಗುವುದು ಹೆಡ್ಡತನವಲ್ಲ, ಜಾಣತನ.

ವಿದ್ಯಾರ್ಥಿಗಳ ಹೊಣೆ ಇಷ್ಟಾದರೆ ವಿಶ್ವವಿದ್ಯಾನಿಲಯಗಳ ಹೊಣೆ ಇನ್ನೂ ದೊಡ್ಡದು. 'ಸಂದೇಹದ ಲಾಭ ಪರೀಕ್ಷೆ ನಡೆಸಿದವರಿಗೆ' ಎಂದು ನ್ಯಾಯಾಲಯ ಹೇಳಿದ್ದು ಅವರ ಮೇಲಿಟ್ಟ ನಂಬಿಕೆಯಿಂದ. ಆ ನಂಬಿಕೆಗೆ ಪಾತ್ರವಾಗಬೇಕಾದರೆ ಮೌಲ್ಯಮಾಪನ ಎಚ್ಚರದಿಂದ ನಡೆಯಬೇಕು, ಉತ್ತರಪತ್ರಿಕೆಯ ಪ್ರತಿ ಕೇಳಿದ ಕೂಡಲೇ ಸಿಗಬೇಕು, ತಪ್ಪಾದಾಗ ಒಪ್ಪಿಕೊಂಡು ತಿದ್ದುವ ಮನಸ್ಸಿರಬೇಕು. 34 ಅಂಕ ಪಡೆದ ವಿದ್ಯಾರ್ಥಿಗೆ ತನ್ನ ಉತ್ತರಪತ್ರಿಕೆಯನ್ನು ಕಣ್ಣಾರೆ ಕಂಡು, ಅದು ನಿಜಕ್ಕೂ 34 ಎಂದು ಮನವರಿಕೆಯಾದರೆ ಆತ ಪುಸ್ತಕ ಹಿಡಿಯುತ್ತಾನೆ. ಆ ಅವಕಾಶವನ್ನು ನಿರಾಕರಿಸಿದರೆ ವಕೀಲರನ್ನು ಹುಡುಕಿಕೊಂಡು ಹೊರಡುತ್ತಾನೆ.